ಮೂರೇ ಸೀಟು, ಆದರೂ ನೂರು ವರ್ಷ

ಹಿಂದಿನ ಸಂಚಿಕೆಯಲ್ಲಿ ನೆದರ್‌ಲೆಂಡ್ಸ್ ದೇಶದ ಎಸ್‌ಜಿಪಿ ಅನ್ನುವ ಪುಟ್ಟ ಪಕ್ಷದ ಬಗ್ಗೆ ಒಂದು ಪ್ರಶ್ನೆಗೆ ನಾಲ್ಕು ಸಾಲು ಉತ್ತರ ಬರೆದಿದ್ದೆ. ಕಟ್ಟುನಿಟ್ಟಿನ ಪ್ರಾಟೆಸ್ಟೆಂಟ್ ಚರ್ಚುಗಳ, ಅಂದರೆ ಪೋಪರನ್ನು ಒಪ್ಪದ ಕ್ರೈಸ್ತರ ಚರ್ಚುಗಳ ಜನ ಕಟ್ಟಿಕೊಂಡ ಪಕ್ಷ, 1922ರಿಂದ ಒಮ್ಮೆಯೂ ತಪ್ಪದೆ ಸಂಸತ್ತಿನಲ್ಲಿದೆ, ಮೂರಕ್ಕಿಂತ ಹೆಚ್ಚು ಸೀಟು ಎಂದೂ ಬಂದಿಲ್ಲ. ಅಷ್ಟೇ ಬರೆದದ್ದು. ಅದಕ್ಕೆ ಈ ಸಲ ಬಂದ ಪತ್ರಗಳನ್ನು ನೋಡಿ ನನಗೆ ತುಂಬ ಖುಷಿಯಾಯಿತು. ಹಾಗಾಗಿ ಈ ಸಂಚಿಕೆಯ ಜಾಗ ಪೂರ್ತಿ ಇದಕ್ಕೇ ಇರಲಿ.

ಪ್ರಶ್ನೆ: ಸರ್, ನಮ್ಮ ಕಡೆ ಹೊಸ ಪಕ್ಷಗಳು ಹುಟ್ಟಿದ್ದನ್ನೂ ನೋಡಿದೆ, ಮುಗಿದದ್ದನ್ನೂ ನೋಡಿದೆ. ಎರಡು ಚುನಾವಣೆ ದಾಟುವುದೇ ಕಷ್ಟ. ಮೂರೇ ಸೀಟಿನ ಪಕ್ಷ ನೂರು ವರ್ಷ ಹೇಗೆ ಉಳಿಯಿತು? ಅದರ ಹಿಂದೆ ಚರ್ಚಿನ ದುಡ್ಡು ಇದೆಯೇ? (ನಿವೃತ್ತ ಶಿಕ್ಷಕರು, ಬಳ್ಳಾರಿ)

ಉತ್ತರ: ಮಾಸ್ತರ್ರೇ, ದುಡ್ಡಿನಿಂದ ಉಳಿದ ಪಕ್ಷ ಅಲ್ಲ ಅದು. ಎರಡು ಕಾರಣ ಇವೆ. ಒಂದು ಓಟು ಎಣಿಸುವ ರೀತಿ, ಇನ್ನೊಂದು ಓಟು ಹಾಕುವ ಜನ.

ಮೊದಲು ಎಣಿಕೆ ನೋಡೋಣ. ನೆದರ್‌ಲೆಂಡ್ಸ್‌ನ ಕೆಳಮನೆಯಲ್ಲಿ 150 ಸೀಟು. ನಮ್ಮ ಹಾಗೆ ಕ್ಷೇತ್ರಗಳಿಲ್ಲ. ಇಡೀ ದೇಶವೇ ಒಂದು ಕ್ಷೇತ್ರ ಅಂದುಕೊಳ್ಳಿ. ಪಕ್ಷಕ್ಕೆ ದೇಶದ ತುಂಬ ಬಿದ್ದ ಓಟನ್ನೆಲ್ಲ ಕೂಡಿಸುತ್ತಾರೆ, ಅದರ ಪ್ರಮಾಣಕ್ಕೆ ತಕ್ಕ ಹಾಗೆ ಸೀಟು ಕೊಡುತ್ತಾರೆ. 150ರಲ್ಲಿ ಒಂದು ಪಾಲು ಓಟು ಬಂದರೆ ಒಂದು ಸೀಟು. 2023ರ ಚುನಾವಣೆಯ ಲೆಕ್ಕದಲ್ಲಿ ಹೇಳುವುದಾದರೆ ಸುಮಾರು 70 ಸಾವಿರ ಓಟಿಗೆ ಒಂದು ಸೀಟು ಸಿಕ್ಕಿದೆ. ಎಸ್‌ಜಿಪಿಗೆ 2 ಲಕ್ಷ ಚಿಲ್ಲರೆ ಓಟು ಬಂತು, ಅಂದರೆ ನೂರಕ್ಕೆ ಎರಡು. ಮೂರು ಸೀಟು ಬಂದವು.

ಇದೇ ನೂರಕ್ಕೆ ಎರಡು ಓಟನ್ನು ನಮ್ಮ ರಾಜ್ಯಕ್ಕೆ ತಂದು ನೋಡಿ. ಬೀದರಿನಿಂದ ಚಾಮರಾಜನಗರದವರೆಗೆ 28 ಲೋಕಸಭಾ ಕ್ಷೇತ್ರಗಳಲ್ಲೂ ನೂರಕ್ಕೆ ಇಬ್ಬರು ಒಂದೇ ಪಕ್ಷಕ್ಕೆ ಹಾಕಿದರು ಅಂದುಕೊಳ್ಳೋಣ. ಕೂಡಿಸಿದರೆ ಲಕ್ಷಗಟ್ಟಲೆ ಓಟು. ಸೀಟು ಮಾತ್ರ ಒಂದೂ ಇಲ್ಲ. 28 ಕಡೆಯೂ ಠೇವಣಿ ಹೋಗುತ್ತದೆ. ನಮ್ಮಲ್ಲಿ ಒಂದು ಕ್ಷೇತ್ರದಲ್ಲಿ ಯಾರಿಗೆ ಜಾಸ್ತಿ ಬಂತೋ ಅವರೇ ಗೆದ್ದರು, ಉಳಿದ ಓಟಿಗೆ ಲೆಕ್ಕವಿಲ್ಲ.

ಇನ್ನು ಜನ. ನಮ್ಮ ಕಡೆಯ ಉದಾಹರಣೆ ನೀವೇ ನೆನಪಿಸಿದ್ದೀರಿ. 2011ರಲ್ಲಿ ಶ್ರೀರಾಮುಲು ಅವರು ಬಿಎಸ್ಆರ್ ಕಾಂಗ್ರೆಸ್ ಕಟ್ಟಿದರು, 2013ರಲ್ಲಿ ವಿಧಾನಸಭೆಯಲ್ಲಿ ನಾಲ್ಕು ಸೀಟು ಬಂದವು, ಮರುವರ್ಷವೇ ಅವರು ಬಿಜೆಪಿಗೆ ಮರಳಿದರು. 2022ರ ಡಿಸೆಂಬರಿನಲ್ಲಿ ಜನಾರ್ದನ ರೆಡ್ಡಿ ಅವರು ಕಲ್ಯಾಣ ರಾಜ್ಯ ಪ್ರಗತಿ ಪಕ್ಷ ಕಟ್ಟಿದರು, 2023ರಲ್ಲಿ ಗಂಗಾವತಿಯಲ್ಲಿ ತಾವೊಬ್ಬರೇ ಗೆದ್ದರು, 2024ರ ಮಾರ್ಚಿನಲ್ಲಿ ಪಕ್ಷವನ್ನು ಬಿಜೆಪಿಯಲ್ಲಿ ವಿಲೀನ ಮಾಡಿದರು. ಇವೆರಡೂ ಒಬ್ಬ ನಾಯಕರ ಸುತ್ತ ಬೆಳೆದ ಪಕ್ಷಗಳು. ನಾಯಕ ಎತ್ತ ಹೋದರೆ ಪಕ್ಷವೂ ಅತ್ತಲೇ.

ಎಸ್‌ಜಿಪಿ ಹಾಗಲ್ಲ. ಅದು ಹುಟ್ಟಿದ್ದು 1918ರ ಏಪ್ರಿಲ್ 24ರಂದು, ಮಿಡಲ್‌ಬರ್ಗ್ ಅನ್ನುವ ಊರಿನಲ್ಲಿ. ಮುಂದೆ ನಿಂತವರು ಗೆರಿಟ್ ಹೆಂಡ್ರಿಕ್ ಕೆರ್ಸ್ಟನ್ ಅನ್ನುವ ಪಾದ್ರಿ. ಅದಕ್ಕೂ ಮೊದಲು, 1907ರಲ್ಲಿ, ಚದುರಿ ಹೋಗಿದ್ದ ಸಣ್ಣ ಸಣ್ಣ ಕ್ಯಾಲ್ವಿನ್ ಪಂಥದ (ಪ್ರಾಟೆಸ್ಟೆಂಟರಲ್ಲೇ ಒಂದು ಕಟ್ಟುನಿಟ್ಟಿನ ಪಂಥ) ಸಭೆಗಳನ್ನು ಒಟ್ಟುಗೂಡಿಸಿ ಒಂದು ಚರ್ಚು ಒಕ್ಕೂಟ ಮಾಡಿದವರಲ್ಲೂ ಅವರೇ ಮುಖ್ಯರು. ಆಗ ಪ್ರಾಟೆಸ್ಟೆಂಟರ ದೊಡ್ಡ ಪಕ್ಷಗಳು ಇದ್ದವು, ಕ್ಯಾಥೊಲಿಕರ ಜೊತೆ ಸೇರಿ ಸರ್ಕಾರವನ್ನೂ ನಡೆಸುತ್ತಿದ್ದವು. ಕೆರ್ಸ್ಟನ್ ಅವರಿಗೆ ಅದು ರಾಜಿ ಅನ್ನಿಸಿತು. 1561ರ ಬೆಲ್ಜಿಕ್ ವಿಶ್ವಾಸ ಪ್ರಮಾಣ ಅಂತ ಇದೆ, ಆ ಪಂಥದ ಮೂಲ ಪತ್ರಗಳಲ್ಲಿ ಒಂದು. ಅದರ 36ನೇ ವಿಧಿ, ಸುಳ್ಳು ಆರಾಧನೆಯನ್ನು ತೆಗೆದುಹಾಕುವುದೂ ಸರ್ಕಾರದ ಕೆಲಸ ಎನ್ನುತ್ತದೆ. ಈ ಕಾಲಕ್ಕೆ ಇದು ಹೊಂದುವುದಿಲ್ಲ ಎಂದು ದೊಡ್ಡ ಚರ್ಚೊಂದು 1905ರಲ್ಲಿ ಆ ಮಾತನ್ನು ಕೈಬಿಟ್ಟಿತು. ಎಸ್‌ಜಿಪಿ ಬಿಡಲಿಲ್ಲ. ಪೂರ್ತಿ ವಿಧಿಯೇ ನಮ್ಮ ಆಧಾರ ಎಂದಿತು.

ಹಾಗಂತ ಚರ್ಚು ಚೀಟಿ ಬರೆದು ಇಂಥವರಿಗೇ ಓಟು ಹಾಕಿ ಅನ್ನುವುದಿಲ್ಲ. ಪಕ್ಷ ಬೇರೆ, ಚರ್ಚು ಬೇರೆ, ಕಾಗದದಲ್ಲಿ. ಆದರೆ ಒಂದೇ ಬೆಂಚಿನಲ್ಲಿ ಕೂತು ಪ್ರಾರ್ಥನೆ ಮಾಡುವ ಜನ, ಅವರದೇ ಶಾಲೆ, ಅವರದೇ ಪತ್ರಿಕೆ. ನೈಋತ್ಯದ ಝೇಲಂಡ್ ದ್ವೀಪಗಳಿಂದ ಈಶಾನ್ಯದ ಕಡೆಗೆ ಓರೆಯಾಗಿ ಒಂದು ಪಟ್ಟಿ ಎಳೆದ ಹಾಗೆ ಇವರ ಊರುಗಳಿವೆ. ಬೈಬಲ್ ಪಟ್ಟಿ ಎಂದೇ ಅದಕ್ಕೆ ಹೆಸರು. ಉರ್ಕ್ ಅನ್ನುವ ಮೀನುಗಾರರ ಊರಿದೆ, ಹಿಂದೆ ದ್ವೀಪವಾಗಿತ್ತು, ಅಲ್ಲಿ ಭಾನುವಾರ ಬೀದಿಯಲ್ಲಿ ಕಾಣುವುದು ಚರ್ಚಿಗೆ ಹೋಗಿ ಬರುವ ಮಂದಿ. ಇಂಥ ಮನೆಗಳಲ್ಲಿ ಅಜ್ಜ ಹಾಕಿದ ಕಡೆಗೇ ಮೊಮ್ಮಗನೂ ಓಟು ಹಾಕುತ್ತಾನೆ. ಸಮೀಕ್ಷೆಯವರು ಬೇರೆ ಪಕ್ಷಗಳ ಸೀಟು ಹತ್ತು ಏರುತ್ತೆ, ಹದಿನೈದು ಇಳಿಯುತ್ತೆ ಅಂತ ಹೇಳುತ್ತಿರುತ್ತಾರೆ. ಇವರದು ಎರಡು, ಇಲ್ಲಾ ಮೂರು.

ಇಲ್ಲಿ ಒಂದು ಮಾತು. ಚರ್ಚು ಎಂದರೆ ನಮ್ಮ ಬಳ್ಳಾರಿಯವರಿಗೆ ಮೊದಲು ನೆನಪಾಗುವುದು ಶಾಲೆ. ವಾರ್ಡ್ಲಾ ಶಾಲೆಯ ಗೇಟಿನ ಮುಂದೆ ಓಡಾಡದವರು ಯಾರು? 1810ರಲ್ಲಿ ಬಳ್ಳಾರಿಗೆ ಬಂದ ಮಿಷನರಿ ಜಾನ್ ಹ್ಯಾಂಡ್ಸ್ ಇಲ್ಲೇ ಕೂತು ಬೈಬಲ್ಲನ್ನು ಕನ್ನಡಕ್ಕೆ ತಂದರು. ಅವರೂ ಪ್ರಾಟೆಸ್ಟೆಂಟರೇ, ಅಲ್ಲಿಯವರೂ ಪ್ರಾಟೆಸ್ಟೆಂಟರೇ. ಆದರೆ ಹೆಸರು ಒಂದಾದ ಮಾತ್ರಕ್ಕೆ ಸ್ವಭಾವ ಒಂದಲ್ಲ, ಇದನ್ನು ಮನಸ್ಸಿನಲ್ಲಿಟ್ಟುಕೊಂಡು ಮುಂದಿನದನ್ನು ಓದಿ.

ಪ್ರಶ್ನೆ: 150 ಜನರಲ್ಲಿ ಮೂವರು ಕೂತು ಏನು ಮಾಡಲು ಸಾಧ್ಯ? ಸುಮ್ನೆ ಹಾಜರಿ ಹಾಕಿ ಬರುವುದಷ್ಟೇ ಅಲ್ವಾ? (ಅಕ್ಕಿ ಗಿರಣಿ ನಡೆಸುವವರು, ಸಿರುಗುಪ್ಪ)

ಉತ್ತರ: ಅಲ್ಲ ಅಣ್ಣಾವ್ರೇ. ಸಣ್ಣ ತೂಕದ ಕಲ್ಲು ನಿಮಗೆ ಗೊತ್ತೇ ಇದೆ. ತಕ್ಕಡಿ ಎರಡೂ ಕಡೆ ಸಮ ನಿಂತಾಗ ಅದರ ಬೆಲೆ ಗೊತ್ತಾಗುತ್ತದೆ.

1925ರ ಕಥೆ ಕೇಳಿ. ಆಗ ಕೆಳಮನೆಯಲ್ಲಿ ಇದ್ದದ್ದು 100 ಸೀಟು, ಎಸ್‌ಜಿಪಿಗೆ ಎರಡು. ನೆದರ್‌ಲೆಂಡ್ಸ್ ಸರ್ಕಾರ ವ್ಯಾಟಿಕನ್ನಿನಲ್ಲಿ, ಅಂದರೆ ಕ್ಯಾಥೊಲಿಕರ ಪರಮಗುರು ಪೋಪರ ಬಳಿ, ಒಬ್ಬ ರಾಯಭಾರಿಯನ್ನು ಇಟ್ಟಿತ್ತು. ಪೋಪರ ಬಳಿ ನಮಗೇನು ಕೆಲಸ, ಆ ಖರ್ಚನ್ನು ಬಜೆಟ್ಟಿನಿಂದ ತೆಗೆಯಿರಿ ಅಂತ ಕೆರ್ಸ್ಟನ್ ಪ್ರತಿವರ್ಷ ತಿದ್ದುಪಡಿ ತರುತ್ತಿದ್ದರು. ಪ್ರತಿವರ್ಷ ಅದು ಬೀಳುತ್ತಿತ್ತು. ಆ ವರ್ಷದ ನವೆಂಬರಿನ ಒಂದು ರಾತ್ರಿ ಹಾಗಾಗಲಿಲ್ಲ. ಸರ್ಕಾರದಲ್ಲೇ ಇದ್ದ ಒಂದು ಪ್ರಾಟೆಸ್ಟೆಂಟ್ ಪಕ್ಷ, ಸಿಎಚ್‌ಯು ಅಂತ, ತಿದ್ದುಪಡಿಯ ಪರವಾಗಿ ನಿಂತಿತು. ಎದುರಿನ ಸಾಲಿನ ಸಮಾಜವಾದಿಗಳಿಗೆ ಪೋಪರ ಚಿಂತೆ ಇರಲಿಲ್ಲ, ಸರ್ಕಾರ ಒಡೆಯುವ ಅವಕಾಶ ಕಂಡಿತು, ಅವರೂ ಹಾಕಿದರು. ತಿದ್ದುಪಡಿ ಪಾಸಾಯಿತು. ಕ್ಯಾಥೊಲಿಕ್ ಮಂತ್ರಿಗಳು ರಾಜೀನಾಮೆ ಕೊಟ್ಟರು. ಆಗಿನ ಪ್ರಧಾನಿ ಕೊಲೈನ್ ಅವರ ಸಂಪುಟ ಹುಟ್ಟಿದ್ದು ಆಗಸ್ಟಿನಲ್ಲಿ, ಬಿದ್ದದ್ದು ನವೆಂಬರಿನಲ್ಲಿ. ಹೊಸ ಸಂಪುಟ ಬರಲು ಮುಂದಿನ ಮಾರ್ಚಿನವರೆಗೆ ಕಾಯಬೇಕಾಯಿತು. ಇವತ್ತಿಗೂ ಡಚ್ಚರು ಆ ರಾತ್ರಿಯನ್ನು ಕೆರ್ಸ್ಟನ್ ರಾತ್ರಿ ಎಂದೇ ಕರೆಯುತ್ತಾರೆ.

ಇನ್ನೂ ಹತ್ತಿರದ್ದು ಬೇಕೇ? 2011. ಆಗಿನ ಪ್ರಧಾನಿ ಮಾರ್ಕ್ ರುಟ್ಟೆ. ಎರಡು ಪಕ್ಷಗಳ ಅಲ್ಪಮತದ ಸರ್ಕಾರ, ಹೊರಗಿನಿಂದ ಇನ್ನೊಂದು ಪಕ್ಷದ ಬೆಂಬಲ. ಮೇಲ್ಮನೆಯ 75 ಸೀಟುಗಳಲ್ಲಿ ಇವರೆಲ್ಲ ಸೇರಿದರೆ 37. ಒಂದು ಕಡಿಮೆ. ಆ ಒಂದು ಸೀಟು ಎಸ್‌ಜಿಪಿಯ ಗೆರಿಟ್ ಹೋಲ್ಡೈಕ್ ಅವರದು. ಒಬ್ಬರೇ ಒಬ್ಬರು, ಅವರ ಮಾತು ಕೇಳದೆ ಮಸೂದೆ ದಾಟುವಂತಿರಲಿಲ್ಲ. 2013ರಲ್ಲಿ ರುಟ್ಟೆ ಅವರ ಮುಂದಿನ ಸರ್ಕಾರಕ್ಕೂ ಮೇಲ್ಮನೆಯಲ್ಲಿ ಬಹುಮತ ಇರಲಿಲ್ಲ. ಬಜೆಟ್ ದಾಟಿಸಲು ಮೂರು ಸಣ್ಣ ಪಕ್ಷಗಳ ಜೊತೆ ಒಪ್ಪಂದ ಮಾಡಿಕೊಂಡರು, ಅದರಲ್ಲಿ ಎಸ್‌ಜಿಪಿ ಒಂದು.

ಆದರೂ ಇವರು ಒಮ್ಮೆಯೂ ಮಂತ್ರಿ ಪದವಿ ಹಿಡಿದಿಲ್ಲ. ಅದೇ ಚರ್ಚು ವಲಯದ ಇನ್ನೊಂದು ಪಕ್ಷ, 2000ದಲ್ಲಿ ಎರಡು ಪಕ್ಷಗಳು ಸೇರಿ ಆದ ಕ್ರಿಸ್ಟನ್ ಯೂನಿ, 2007ರಿಂದ ಹಲವು ಸಲ ಸಂಪುಟ ಸೇರಿದೆ. ಎಸ್‌ಜಿಪಿ ಹೊರಗೇ ಇದ್ದು ಕಾನೂನಿನ ಒಂದೊಂದು ವಿಧಿಯನ್ನೂ ಓದಿಕೊಂಡು ಬಂದು ಮಾತಾಡುತ್ತದೆ. ಅವರ ಧರ್ಮದ ನಿಲುವನ್ನು ಒಪ್ಪದ ಸಂಸದರೂ ಪಕ್ಷದ ನಾಯಕರಾಗಿದ್ದ ಕೇಸ್ ವಾನ್ ಡರ್ ಸ್ಟಾಯ್ ಅವರ ಮಾತಿಗೆ ಕಿವಿ ಕೊಡುತ್ತಿದ್ದರು. ಅವರು 1998ರಿಂದ 2023ರವರೆಗೆ, ಇಪ್ಪತ್ತೈದು ವರ್ಷ ಸದನದಲ್ಲಿದ್ದರು. ಓದಿಕೊಂಡು ಬರುವ ಈ ಗುಣ ನನಗೆ ನಿಜಕ್ಕೂ ದೊಡ್ಡದು ಅನ್ನಿಸುತ್ತದೆ. ನಮ್ಮ ವಿಧಾನಸಭೆಯಲ್ಲಿ ತುಂಗಭದ್ರಾ ಎಡದಂಡೆ ಕಾಲುವೆಯ ಕೊನೆಯ ಭಾಗದ ರೈತರ ನೀರಿನ ವಿಷಯ ಬಂದಾಗ ಹಾಗೆ ಓದಿಕೊಂಡು ಬಂದವರು ಮೂವರಿದ್ದರೂ ಸಾಕಿತ್ತು.

ಪ್ರಶ್ನೆ: ಅವರ ವೆಬ್‌ಸೈಟ್ ಭಾನುವಾರ ಬಂದ್ ಇರುತ್ತಂತೆ, ಹೌದಾ? (ರಾಯಚೂರು)

ಉತ್ತರ: ಹೌದು. ಭಾನುವಾರ ದೇವರ ದಿನ, ಕೆಲಸ ಮಾಡುವಂತಿಲ್ಲ. ಪ್ರಚಾರವೂ ಇಲ್ಲ. ಅಲ್ಲಿ ಚುನಾವಣೆ ನಡೆಯುವುದೂ ಸಾಮಾನ್ಯವಾಗಿ ಬುಧವಾರ.

ಪ್ರಶ್ನೆ: ಸರ್, ನಾನು ಡಿಗ್ರಿ ಎರಡನೇ ವರ್ಷ. ನಮ್ಮ ಮನೆಯವರು ತಲೆತಲಾಂತರದಿಂದ ಕ್ರೈಸ್ತರು. ಭಾನುವಾರ ಪೂಜೆ ಮುಗಿದ ಮೇಲೆ ಹಿರಿಯರು ಮಾತಾಡುವಾಗ, "ನಮಗೂ ಒಂದು ಪಕ್ಷ ಇರಬೇಕಿತ್ತು, ಆಗ ನಮ್ಮ ಮಾತು ನಡೆಯುತ್ತಿತ್ತು" ಅಂತಾರೆ. ನಿಮ್ಮ ಉತ್ತರ ಓದಿ ನನಗೂ ಹಾಗೇ ಅನ್ನಿಸಿತು. ಇಲ್ಲಿ ಯಾಕೆ ಆಗುವುದಿಲ್ಲ? (ವಿದ್ಯಾರ್ಥಿ, ಮುದಗಲ್)

ಉತ್ತರ: ತಮ್ಮಾ, ನಿನ್ನ ಪ್ರಶ್ನೆ ಓದಿ ಎರಡು ದಿನ ಯೋಚನೆ ಮಾಡಿದೆ. ಸುಲಭದ ಉತ್ತರ ಕೊಟ್ಟು ಕಳಿಸುವ ಪ್ರಶ್ನೆ ಅಲ್ಲ ಇದು.

ಕಾನೂನು ಮೊದಲು ತಿಳಿದುಕೋ. ಒಂದು ಸಮುದಾಯದ ಜನ ಸೇರಿ ಪಕ್ಷ ಕಟ್ಟಬಾರದು ಎಂದು ಎಲ್ಲೂ ಇಲ್ಲ. ಮುಸ್ಲಿಂ ಲೀಗ್ 2024ರಲ್ಲಿ ಲೋಕಸಭೆಯ ಮೂರು ಸೀಟು ಗೆದ್ದಿದೆ, ಕೇರಳದಲ್ಲಿ ಎರಡು, ತಮಿಳುನಾಡಿನಲ್ಲಿ ಒಂದು. ಕೊಟ್ಟಾಯಂನಲ್ಲಿ 1964ರಲ್ಲಿ ಹುಟ್ಟಿದ ಕೇರಳ ಕಾಂಗ್ರೆಸ್ಸಿಗೆ ಅಲ್ಲಿಯ ಸಿರಿಯನ್ ಕ್ರೈಸ್ತ ರೈತರೇ ಬೇರು. ಆದರೆ 1951ರ ಜನಪ್ರತಿನಿಧಿ ಕಾಯ್ದೆಯ 123(3) ಹೇಳುವುದೇನೆಂದರೆ, ಧರ್ಮದ ಹೆಸರಲ್ಲಿ ಓಟು ಕೇಳಿದರೆ ಅದು ಭ್ರಷ್ಟ ಆಚರಣೆ, ಗೆದ್ದ ಸೀಟೂ ಹೋಗಬಹುದು. 2017ರ ಜನವರಿ 2ರಂದು ಸುಪ್ರೀಂ ಕೋರ್ಟಿನ ಏಳು ನ್ಯಾಯಮೂರ್ತಿಗಳ ಪೀಠ, ನಾಲ್ವರು ಒಂದು ಕಡೆ ಮೂವರು ಇನ್ನೊಂದು ಕಡೆ ಆಗಿ, ಇದನ್ನು ಇನ್ನೂ ಬಿಗಿ ಮಾಡಿತು. ಅಭ್ಯರ್ಥಿಯ ಧರ್ಮ ಮಾತ್ರ ಅಲ್ಲ, ಓಟುದಾರನ ಧರ್ಮ ಹೇಳಿ ಕೇಳಿದರೂ ತಪ್ಪೇ. ಅಂದರೆ ಎಸ್‌ಜಿಪಿಯವರು ಮಾಡುವ ಹಾಗೆ ದೇವರ ವಾಕ್ಯದ ಹೆಸರಲ್ಲಿ ಮತ ಕೊಡಿ ಅಂತ ಇಲ್ಲಿ ಯಾರೂ ಕೇಳುವಂತಿಲ್ಲ. ಪಕ್ಷ ನೋಂದಣಿ ಮಾಡಿಸುವಾಗಲೂ ಸಂವಿಧಾನದ ಜಾತ್ಯತೀತ ತತ್ವಕ್ಕೆ ನಿಷ್ಠೆ ಇದೆ ಎಂದು ಬರೆದುಕೊಡಬೇಕು.

ಎಣಿಕೆಯ ಮಾತು ಮೇಲೆ ಮಾಸ್ತರರಿಗೆ ಹೇಳಿದ್ದೇನೆ, ಅದನ್ನು ಓದಿಕೋ. ರಾಯಚೂರು ಕ್ಷೇತ್ರದಲ್ಲಿ ನಿಮ್ಮ ಸಮಾಜದವರೆಲ್ಲ ಒಟ್ಟಾಗಿ ಹಾಕಿದರೂ ಒಬ್ಬ ಸಂಸದ ಆಗುವುದಿಲ್ಲ.

ಇವೆರಡಕ್ಕಿಂತ ಮುಖ್ಯವಾದದ್ದು ಇನ್ನೊಂದಿದೆ. ಸಂವಿಧಾನ ಬರೆಯುವಾಗ ಅಲ್ಪಸಂಖ್ಯಾತ ಧರ್ಮಗಳಿಗೆ ಶಾಸನಸಭೆಗಳಲ್ಲಿ ಮೀಸಲು ಸೀಟು ಇಡುವ ಯೋಚನೆ ಇತ್ತು. 1949ರ ಮೇ ತಿಂಗಳಲ್ಲಿ ಅದನ್ನು ಕೈಬಿಟ್ಟರು. ಬೇಡ ಎಂದು ಗಟ್ಟಿಯಾಗಿ ಹೇಳಿದವರಲ್ಲಿ ಇಬ್ಬರು ಕ್ರೈಸ್ತರು. ಒಬ್ಬರು ಸಂವಿಧಾನ ಸಭೆಯ ಉಪಾಧ್ಯಕ್ಷರಾಗಿದ್ದ ಎಚ್.ಸಿ. ಮುಖರ್ಜಿ, ಇನ್ನೊಬ್ಬರು ಮಂಗಳೂರು ಮೂಲದ ಜೆಸ್ವಿಟ್ ಪಾದ್ರಿ ಜೆರೋಮ್ ಡಿಸೋಜಾ. ಒಬ್ಬ ಪಾದ್ರಿ ತನ್ನ ಜನರಿಗೆ ಪ್ರತ್ಯೇಕ ಸೀಟು ಬೇಡ ಎಂದು ನಿಂತರು ನೋಡು. ಧರ್ಮವನ್ನು ಆಚರಿಸುವ, ಶಾಲೆ ನಡೆಸುವ ಹಕ್ಕು ಎಲ್ಲರಿಗೂ ಗಟ್ಟಿಯಾಗಿ ಬರೆದಿದ್ದರೆ ಆಯಿತು, ಸೀಟಿಗಾಗಿ ನಾವು ಬೇಲಿಯ ಆಚೆ ನಿಲ್ಲಬೇಕಿಲ್ಲ ಅನ್ನುವ ನಂಬಿಕೆ ಅವರದು. ಆ ನಂಬಿಕೆಯನ್ನು ನಾವು ಉಳಿದವರು ಉಳಿಸಿಕೊಟ್ಟಿದ್ದೇವೆಯೇ ಎಂಬುದು ಬೇರೆ ಪ್ರಶ್ನೆ, ನಿನ್ನ ಹಿರಿಯರ ಮಾತಿನ ಹಿಂದೆ ಆ ನೋವು ಇದೆ ಎಂದು ನನಗೆ ಅರ್ಥವಾಗುತ್ತದೆ. ಅದನ್ನು ನಾನು ತಳ್ಳಿಹಾಕುವುದಿಲ್ಲ.

ಆದರೂ ನನ್ನ ಅಭಿಪ್ರಾಯ ಕೇಳಿದರೆ, ಎಸ್‌ಜಿಪಿ ದಾರಿ ಬೇಡ. ಬೇಲಿಯೊಳಗಿನ ಪಕ್ಷ ತನ್ನ ಜನರಿಗೆ ಮಾತ್ರ ಉತ್ತರ ಹೇಳುತ್ತದೆ, ಕೆಲವು ಸಲ ತನ್ನ ಜನರ ತಪ್ಪನ್ನೂ ಕಾಯುತ್ತದೆ. ಆ ಬೈಬಲ್ ಪಟ್ಟಿಯಲ್ಲಿ ಲಸಿಕೆ ಬೇಡ ಎನ್ನುವ ಮನೆಗಳು ಹಲವು ಇವೆ, ರೋಗ ಬರುವುದೂ ದೇವರ ಇಚ್ಛೆ ಎಂದು. ಲಸಿಕೆ ಕಡ್ಡಾಯ ಮಾಡಬಾರದು ಅನ್ನುವುದು ಪಕ್ಷದ ಹಳೆಯ ನಿಲುವು. 1992-93ರಲ್ಲಿ ಅಲ್ಲಿ ಪೋಲಿಯೊ ಬಂತು. 71 ಜನರಿಗೆ ತಗುಲಿತು, ಇಬ್ಬರು ಸತ್ತರು. ಅಷ್ಟು ಸಿರಿವಂತ ದೇಶದಲ್ಲಿ, ಅಷ್ಟು ಈಚೆಗೆ. ಅದನ್ನು ಓದಿದಾಗ ನನಗೆ ಹೊಟ್ಟೆಯಲ್ಲಿ ಸಂಕಟವಾಯಿತು. ನಮ್ಮ ಹಳ್ಳಿಗಳಲ್ಲಿ ಆಶಾ ಕಾರ್ಯಕರ್ತೆಯರು ಬಿಸಿಲಲ್ಲಿ ಮನೆ ಮನೆ ತಿರುಗಿ ಎರಡು ಹನಿ ಹಾಕಿದ್ದನ್ನು ಕಣ್ಣಾರೆ ಕಂಡವನು ನಾನು.

ನಿಮ್ಮ ಊರಿನ ಚರ್ಚು ಆದಿಲ್‌ಶಾಹಿಗಳ ಕಾಲಕ್ಕೆ ಹೋಗುವಷ್ಟು ಹಳೆಯದು. ಅದೇ ಊರಿನ ಮೊಹರಂಗೆ ಎಲ್ಲ ಜಾತಿಯ ಜನ ಬಂದು ಸೇರುತ್ತಾರೆ, ನೀವೂ ಸೇರುತ್ತೀರಿ. ಪುರಸಭೆಗೆ ನಿಲ್ಲು ತಮ್ಮಾ. ವಯಸ್ಸು 21 ಆದ ಮೇಲೆ, ಯಾವ ಪಕ್ಷ ನಿನ್ನ ಮಾತು ಕೇಳುತ್ತದೋ ಅದರಿಂದ, ಇಲ್ಲಾ ಸ್ವತಂತ್ರವಾಗಿ. ಒಂದು ವಾರ್ಡಿನ ನೀರು, ಚರಂಡಿ, ದೀಪ, ಇದನ್ನು ಕೇಳಿ ಓಟು ಕೇಳು. ಆಗ ನಿನ್ನ ಹಿರಿಯರ ಮಾತೂ ನಡೆಯುತ್ತದೆ, ಪಕ್ಕದ ಓಣಿಯವರ ಮಾತೂ ನಡೆಯುತ್ತದೆ.

ಪ್ರಶ್ನೆ: ನಾನು ಗ್ರಾಮ ಪಂಚಾಯಿತಿ ಸದಸ್ಯೆ. ನಿಮ್ಮ ಉತ್ತರ ಓದಿ ನನ್ನ ಮಗಳು ಮೊಬೈಲಿನಲ್ಲಿ ಹುಡುಕಿ, "ಅವ್ವಾ, ಆ ಪಕ್ಷದಲ್ಲಿ ಹೆಣ್ಣುಮಕ್ಕಳು ಚುನಾವಣೆಗೆ ನಿಲ್ಲುವಂತಿರಲಿಲ್ಲವಂತೆ" ಅಂದಳು. ಯುರೋಪಿನಲ್ಲೂ ಹೀಗಾ? ನಮ್ಮಲ್ಲಿ ಸೀಟು ಕೊಟ್ಟಿದ್ದಾರೆ, ಆದರೆ ಸಭೆಗೆ ನನ್ನ ಯಜಮಾನರೇ ಹೋಗುತ್ತಾರೆ. ನಾನು ಸಹಿ ಮಾಡುತ್ತೇನೆ. (ಕುಷ್ಟಗಿ ತಾಲ್ಲೂಕು, ಕೊಪ್ಪಳ)

ಉತ್ತರ: ಅಕ್ಕಾವ್ರೇ, ನಿಮ್ಮ ಮಗಳು ಸರಿಯಾಗಿ ಹೇಳಿದ್ದಾಳೆ. ಅವಳಿಗೆ ನನ್ನ ಶಾಭಾಸ್ ಹೇಳಿ.

ಎಸ್‌ಜಿಪಿ ಹುಟ್ಟುವಾಗಲೇ ಹೆಣ್ಣುಮಕ್ಕಳ ಮತದಾನ ಬೇಡ ಎಂದಿತ್ತು. ಹೆಂಗಸರಿಗೆ ಮತದಾನದ ಹಕ್ಕು ಬಂದದ್ದು 1919ರಲ್ಲಿ, ಅವರು ಮೊದಲ ಸಲ ಸಂಸತ್ತಿಗೆ ಮತ ಹಾಕಿದ್ದು 1922ರಲ್ಲಿ. ಕೆರ್ಸ್ಟನ್ ಮೊದಲ ಸಲ ಗೆದ್ದದ್ದೂ ಅದೇ ಚುನಾವಣೆಯಲ್ಲಿ. ಅಂದರೆ ನಿಮ್ಮ ಓಟು ಬೇಡ ಎಂದವರಿಗೆ ಅಲ್ಲಿಯ ಅಕ್ಕತಂಗಿಯರು ಓಟು ಕೊಟ್ಟೇ ಕಳಿಸಿದ್ದಾರೆ. ಆಮೇಲೂ ಪಕ್ಷದ ಬಾಗಿಲು ತೆರೆಯಲಿಲ್ಲ. 2006ರವರೆಗೆ ಹೆಂಗಸರು ಪೂರ್ಣ ಸದಸ್ಯರೂ ಆಗುವಂತಿರಲಿಲ್ಲ. ಎಂಬತ್ತೆಂಟು ವರ್ಷ!

ಅದೂ ಕೋರ್ಟು ಮುಟ್ಟಿದ ಮೇಲೆಯೇ. ಮಹಿಳಾ ಹಕ್ಕಿನ ಸಂಘಟನೆಗಳು ದಾವೆ ಹೂಡಿದವು. 2005ರಲ್ಲಿ ಹೇಗ್ ನಗರದ ಕೋರ್ಟು, ಇಂಥ ಪಕ್ಷಕ್ಕೆ ಸರ್ಕಾರ ಅನುದಾನ ಕೊಡುವಂತಿಲ್ಲ ಎಂದಿತು. 2007ರಲ್ಲಿ ಇನ್ನೊಂದು ಉನ್ನತ ಪೀಠ, ಕೊಡಬೇಕು ಎಂದಿತು. 2010ರ ಏಪ್ರಿಲ್ 9ರಂದು ಅವರ ಸುಪ್ರೀಂ ಕೋರ್ಟು ತೀರ್ಪು ಕೊಟ್ಟಿತು. ಧರ್ಮದ ನಂಬಿಕೆ ನಿಮ್ಮದು, ಅದನ್ನು ಇಟ್ಟುಕೊಳ್ಳಿ, ಆದರೆ ಹೆಣ್ಣು ಎಂಬ ಕಾರಣಕ್ಕೆ ಚುನಾವಣೆಯ ಪಟ್ಟಿಯಿಂದ ಹೊರಗಿಡುವಂತಿಲ್ಲ, ಸರ್ಕಾರ ಸುಮ್ಮನೆ ಕೂರುವಂತಿಲ್ಲ. ಪಕ್ಷ ಯುರೋಪಿನ ಮಾನವ ಹಕ್ಕುಗಳ ನ್ಯಾಯಾಲಯಕ್ಕೆ ಹೋಯಿತು. 2012ರ ಜುಲೈನಲ್ಲಿ ಆ ನ್ಯಾಯಾಲಯ ದೂರನ್ನು ಒಳಗೇ ತೆಗೆದುಕೊಳ್ಳಲಿಲ್ಲ. ಬೇರೆ ದಾರಿ ಇರಲಿಲ್ಲ, 2013ರಲ್ಲಿ ಪಕ್ಷ ನಿಯಮ ಬದಲಿಸಿತು.

ಆಗಲೂ ಒಬ್ಬರು ಮುಂದೆ ಬರಬೇಕಿತ್ತಲ್ಲ. ವ್ಲಿಸಿಂಗೆನ್ ಅನ್ನುವ ಬಂದರು ಊರಿನಲ್ಲಿ ಲಿಲಿಯನ್ ಯಾನ್ಸೆ ಅನ್ನುವ ಹೆಣ್ಣುಮಗಳು ಬಂದರು. ಪಕ್ಷದಲ್ಲೇ ಎಷ್ಟೋ ಜನಕ್ಕೆ ಇದು ಇಷ್ಟವಿರಲಿಲ್ಲ. 2014ರ ಮಾರ್ಚಿನಲ್ಲಿ ಅವರು ನಗರಸಭೆಗೆ ಗೆದ್ದರು, ಪಕ್ಷದಿಂದ ಚುನಾವಣೆ ಗೆದ್ದ ಮೊದಲ ಮಹಿಳೆ. ಸಂಸತ್ತಿನ ಮಾತು ಬೇರೆ, 2023ರಲ್ಲಿ ಗೆದ್ದ ಮೂವರೂ ಗಂಡಸರೇ.

ಆ ಪಕ್ಷಕ್ಕೆ ಸಂಸತ್ತಿನಲ್ಲಿ ಜಾಗ ಇರಲಿ ಎನ್ನುವವನು ನಾನು. ಎರಡು ಲಕ್ಷ ಜನರ ಓಟಿಗೆ ಬೆಲೆ ಇರಲೇಬೇಕು. ಆದರೆ ಆ ಎರಡು ಲಕ್ಷದಲ್ಲಿ ಹೆಂಗಸರ ಓಟೂ ಇದೆಯಲ್ಲ, ಅವರು ಓಟು ಹಾಕಬಹುದು, ಕೇಳಬಾರದು ಎಂದರೆ ಯಾವ ನ್ಯಾಯ? ಕೋರ್ಟು ಮಾಡಿದ್ದು ಸರಿ.

ಈಗ ನಿಮ್ಮ ವಿಷಯ. ನಮ್ಮ ರಾಜ್ಯದಲ್ಲಿ ಪಂಚಾಯಿತಿಯ ಅರ್ಧ ಸೀಟು ಹೆಣ್ಣುಮಕ್ಕಳಿಗೆ. ಯಾನ್ಸೆ ಅವರಿಗೆ ಬಾಗಿಲು ತೆರೆದುಕೊಡಲು ನಾಲ್ಕು ಕೋರ್ಟು ಬೇಕಾದವು, ನಿಮಗೆ ಬಾಗಿಲು ತೆರೆದೇ ಇದೆ, ಒಳಗೆ ಬೇರೆಯವರು ಕೂತಿದ್ದಾರೆ. ಸಭೆಯ ನೋಟಿಸು ಸದಸ್ಯರ ಹೆಸರಿಗೆ ಬರುತ್ತದೆ, ಅಂದರೆ ನಿಮ್ಮ ಹೆಸರಿಗೆ. ಸದಸ್ಯರಲ್ಲದವರು ಸದಸ್ಯರ ಬದಲು ಕೂತು ಠರಾವಿಗೆ ಒಪ್ಪಿಗೆ ಕೊಡುವ ಹಾಗಿಲ್ಲ. ಯಜಮಾನರ ಜೊತೆ ಜಗಳ ಬೇಡ, ಮೊದಲ ಸಲ ಜೊತೆಯಲ್ಲೇ ಹೋಗಿ, ಅವರು ಹೊರಗಿನ ಕಟ್ಟೆಯ ಮೇಲೆ ಕೂರಲಿ. ಹಿಂದಿನ ಸಭೆಯ ನಡಾವಳಿ ಪುಸ್ತಕ ಕೊಡಿ ಅಂತ ಪಿಡಿಒ ಅವರನ್ನು ಕೇಳಿ, ಮನೆಗೆ ಬಂದು ಮಗಳ ಕೈಲಿ ಓದಿಸಿಕೊಳ್ಳಿ. ಎರಡನೇ ಸಭೆಯಲ್ಲಿ ಒಂದೇ ಒಂದು ಪ್ರಶ್ನೆ ಕೇಳಿ, ನಿಮ್ಮ ಓಣಿಯ ಕುಡಿಯುವ ನೀರಿನದೇ ಆಗಲಿ. ಅವರು ಏನು ಉತ್ತರ ಕೊಟ್ಟರು ಅನ್ನುವುದನ್ನು ನನಗೆ ಬರೆಯಿರಿ, ಈ ಪುಟದಲ್ಲೇ ಹಾಕುತ್ತೇನೆ.